ಕಟ್ಚಿ ಎಂಬ ಮನೆತನ

ಚೆನ್ನೈಗೆ ವರ್ಗವಾಗಿ ಬಂದು ಅಯನಾವರದಲ್ಲಿ ಬಾಡಿಗೆಗೆ ಮನೆ ಹಿಡಿದ ಮೊದಲ ವಾರದಲ್ಲಿಯೇ ಮನೆಯೊಡತಿ ನಮ್ಮನ್ನು ಮೂರು ಪ್ರಶ್ನೆ ಕೇಳಿದ್ದರು: ಊರು ಯಾವುದು, ಮಕ್ಕಳೆಷ್ಟು, ನಿಮ್ಮ ಮನೆ ಯಾವ ಕಟ್ಚಿ. ಮೂರನೆಯದನ್ನು ಕೇಳಿದ ಧಾಟಿ ನಮ್ಮ ಕಡೆ ಮನೆದೇವರನ್ನು ವಿಚಾರಿಸುವ ಧಾಟಿಯೇ ಆಗಿತ್ತು. ನಾವು ಕೇಂದ್ರ ಸರ್ಕಾರದ ನೌಕರರು, ನಮಗೆ ಪಕ್ಷವಿಲ್ಲ, ಇರಲೂಕೂಡದು ಎಂದು ಬಂದಷ್ಟು ತಮಿಳಿನಲ್ಲಿ ವಿವರಿಸಿದೆವು. ಆ ಉತ್ತರ ಅವರಿಗೆ ಉತ್ತರವೆಂದೇ ಅನ್ನಿಸಲಿಲ್ಲ. 'ಸರಿ, ನಿಮ್ಮ ಅಪ್ಪ ಯಾವ ಕಟ್ಚಿ?' ಎಂದರು.

ಕಟ್ಚಿ ಎಂದರೆ ಪಕ್ಷ. ನಮ್ಮ 'ಕಕ್ಷಿ' ಎಂಬ ಪದದ ನೆಂಟನೇ ಇರಬೇಕು. ಕನ್ನಡದಲ್ಲಿ ನಾವು ಅದನ್ನು ಕೋರ್ಟಿನ ಕಕ್ಷಿದಾರರಿಗೆ ಬಿಟ್ಟುಕೊಟ್ಟಿದ್ದೇವೆ. ಪ್ರಶ್ನೆಗೆ ನಮ್ಮಲ್ಲಿ ಉತ್ತರವಿರಲಿಲ್ಲ. ಪಾಂಡವಪುರದ ಕಡೆಯ ರೈತರಾದ ನಮ್ಮ ತಂದೆಯವರು ಜೋಡೆತ್ತಿಗೂ ಓಟು ಹಾಕಿದ್ದರು, ಹಸು-ಕರುವಿಗೂ ಹಾಕಿದ್ದರು. 1984ರ ಡಿಸೆಂಬರಿನಲ್ಲಿ ಹಸ್ತಕ್ಕೆ ಹಾಕಿ, 1985ರ ಮಾರ್ಚಿನಲ್ಲಿ ಜನತಾ ಪಕ್ಷಕ್ಕೆ ಹಾಕಿದ್ದರು. ಅವರೊಬ್ಬರೇ ಅಲ್ಲ, ಇಡೀ ರಾಜ್ಯವೇ ಹಾಗೆ ಮಾಡಿತ್ತು. ಲೋಕಸಭೆಯ 28 ಸ್ಥಾನಗಳಲ್ಲಿ 24ನ್ನು ಕಾಂಗ್ರೆಸ್ಸಿಗೆ ಕೊಟ್ಟ ಕರ್ನಾಟಕ ಮೂರು ತಿಂಗಳೊಳಗೆ ವಿಧಾನಸಭೆಯಲ್ಲಿ 139 ಸ್ಥಾನಗಳನ್ನು ಹೆಗಡೆಯವರ ಜನತಾ ಪಕ್ಷಕ್ಕೆ ಕೊಟ್ಟಿತು. ಮುಂದೆ ತಂದೆಯವರ ಹೆಗಲ ಮೇಲೆ ರೈತಸಂಘದ ಹಸಿರು ಶಾಲೂ ಬಂತು. ಅವರಿಗೆ ಓಟು ಇತ್ತು, ಸಿಟ್ಟು ಇತ್ತು, ಅಭಿಮಾನಗಳಿದ್ದವು. ಮನೆಯೊಡತಿಯ ಅರ್ಥದಲ್ಲಿ 'ಕಟ್ಚಿ' ಇರಲಿಲ್ಲ. ಈ ವ್ಯತ್ಯಾಸ ಏನೆಂಬುದನ್ನು ಅರಿಯಲು ನಮಗೆ ಈ ಊರಿನಲ್ಲಿ ಹಲವು ವರ್ಷ ಬೇಕಾದವು.

ನಮ್ಮ ಅಜ್ಞಾನಕ್ಕೆ ಉದ್ಯೋಗವೂ ಒಂದು ಕಾರಣವೆನ್ನಬೇಕು. ಕೇಂದ್ರ ನಾಗರಿಕ ಸೇವಾ ನಡತೆ ನಿಯಮಗಳು ಬಂದದ್ದು 1964ರಲ್ಲಿ. ಅವುಗಳ ಐದನೆಯ ನಿಯಮದಂತೆ ನಾವು ಯಾವ ರಾಜಕೀಯ ಪಕ್ಷದ ಸದಸ್ಯರೂ ಆಗುವಂತಿಲ್ಲ. ಓಟು ಹಾಕಬಹುದು, ಯಾರಿಗೆ ಹಾಕಿದೆವು ಎಂಬ ಸುಳಿವು ಕೊಡುವಂತಿಲ್ಲ. ಮೈಮೇಲೆ, ವಾಹನದ ಮೇಲೆ, ವಾಸದ ಮನೆಯ ಮೇಲೆ ಚುನಾವಣಾ ಚಿಹ್ನೆ ಕಂಡರೆ ಅದೇ ಪ್ರಭಾವ ಬೀರಿದಂತೆ ಎಂಬ ವಿವರಣೆಯೂ ಅದರಲ್ಲಿದೆ. ಇದು ಎಷ್ಟು ದೂರ ಹೋಗಬಹುದೆಂಬುದು ಪಂಚೆ ಕೊಳ್ಳಲು ಹೋದ ದಿನ ತಿಳಿಯಿತು. ಅಂಗಡಿಯವನು ತೆಗೆದು ಹರಡಿದ ಒಳ್ಳೆಯ ಪಂಚೆಗೆ ಕಪ್ಪು-ಕೆಂಪು ಅಂಚಿತ್ತು. ಅದು ಡಿಎಂಕೆಯ ಅಂಚು. ಬೇಡವೆಂದಾಗ ನಡುವೆ ಬಿಳಿ ಸೇರಿದ ಇನ್ನೊಂದು ಅಂಚನ್ನು ತೋರಿಸಿದ. ಅದು ಅಣ್ಣಾ ಡಿಎಂಕೆಯದು. ಸುಮ್ಮನೆ ಹಸಿರು ಅಂಚಿನದೊಂದನ್ನು ಕೊಂಡು ಬಂದೆವು. ಇಂಗ್ಲಿಷ್ ಎಂ.ಎ. ಓದುವಾಗ ಡಿಕನ್ಸನ 'ಪಿಕ್‌ವಿಕ್ ಪೇಪರ್ಸ್'ನಲ್ಲಿ ಈಟನ್ಸ್‌ವಿಲ್ ಎಂಬ ಊರಿನ ಚುನಾವಣೆಯನ್ನು ಕಂಡು ನಕ್ಕಿದ್ದೆವು. ಅಲ್ಲಿ ನೀಲಿಯವರಿಗೊಂದು ಅಂಗಡಿ, ತಿಳಿಹಳದಿಯವರಿಗೊಂದು ಅಂಗಡಿ. ಛತ್ರ ಬೇರೆ, ಪತ್ರಿಕೆ ಬೇರೆ, ಚರ್ಚಿನ ಸಾಲು ಕೂಡ ಬೇರೆ. ಅತಿಶಯೋಕ್ತಿಯೆಂದು ಅಂದು ತಿಳಿದಿದ್ದೆವು. ಎರಡು ಪಕ್ಷಗಳಿಗೆ ಎರಡು ಬಗೆಯ ಪಂಚೆ, ಎರಡು ಟಿವಿ ವಾಹಿನಿ, ಎರಡು ಕಾರ್ಮಿಕ ಸಂಘಗಳಿರುವ ಊರಿಗೆ ಬಂದ ಮೇಲೆ ಆ ನಗು ನಿಂತಿತು.

ಮತದಾರನಿಗೆ ಪಕ್ಷ ಅಂಟಿಕೊಳ್ಳುವುದು ಹೇಗೆ ಎಂಬ ಪ್ರಶ್ನೆಯನ್ನು ವ್ಯವಸ್ಥಿತವಾಗಿ ಕೇಳಿದವರು ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದ ವಿದ್ವಾಂಸರು. ಆಂಗಸ್ ಕ್ಯಾಂಪ್‌ಬೆಲ್, ಫಿಲಿಪ್ ಕಾನ್ವರ್ಸ್, ವಾರನ್ ಮಿಲ್ಲರ್, ಡೊನಾಲ್ಡ್ ಸ್ಟೋಕ್ಸ್ ನಾಲ್ವರೂ ಸೇರಿ 1960ರಲ್ಲಿ 'ದಿ ಅಮೆರಿಕನ್ ವೋಟರ್' ಎಂಬ ಗ್ರಂಥ ತಂದರು. ಪಕ್ಷವೆಂಬುದು ಹೆಚ್ಚಿನವರಿಗೆ ಅಭಿಪ್ರಾಯವಲ್ಲ, ಮತಧರ್ಮದಂತೆ ಎಳವೆಯಲ್ಲಿ ಮನೆಯಿಂದ ಬರುವ ಒಂದು ನಂಟು ಎಂಬುದು ಅವರ ವಾದ. ನಂಟು ಮೊದಲು, ಕಾರಣಗಳು ಆಮೇಲೆ. 1981ರಲ್ಲಿ ಮಾರಿಸ್ ಫಿಯೊರಿನಾ ಇದನ್ನು ತಿದ್ದಿದರು. ಮತದಾರ ಮನಸ್ಸಿನಲ್ಲೊಂದು ಖಾತೆ ಇಟ್ಟಿರುತ್ತಾನೆ, ಆಡಳಿತದ ಒಳಿತು ಕೆಡುಕುಗಳನ್ನು ಜಮಾ-ಖರ್ಚು ಬರೆಯುತ್ತ ಹೋಗುತ್ತಾನೆ, ಅದರ ಬಾಕಿಯೇ ಅವನ ಪಕ್ಷ ಎಂದರು. ನಮ್ಮ ತಂದೆಯವರು ಎರಡನೆಯ ಬಗೆಯವರು, ಮನೆಯೊಡತಿ ಮೊದಲನೆಯ ಬಗೆಯವರು ಎಂದು ಹೇಳಿ ಮುಗಿಸಬಹುದಿತ್ತು. ಆದರೆ ಚೆನ್ನೈನಲ್ಲಿ ನಡೆದದ್ದು ಇನ್ನೂ ಒಂದು ಹೆಜ್ಜೆ ಮುಂದಿನದೆಂದು ನಮಗೆ ತೋರುತ್ತದೆ. ಅಲ್ಲಿ ಕುಟುಂಬದಿಂದ ಪಕ್ಷ ಬಂತು. ಇಲ್ಲಿ ಪಕ್ಷವೇ ಕುಟುಂಬವಾಯಿತು.

ಅದು ಮನೆಯ ಜಗಳದಿಂದಲೇ ಆರಂಭವಾದ ಕುಟುಂಬ. 1916ರಲ್ಲಿ ಮದರಾಸಿನಲ್ಲಿ ಹುಟ್ಟಿದ ಜಸ್ಟಿಸ್ ಪಕ್ಷ ಪಟೇಲರು, ಜಮೀನ್ದಾರರು, ವಕೀಲರ ಪಕ್ಷವಾಗಿತ್ತು. ಓಟಿನ ಹಕ್ಕೂ ಅಂಥವರಿಗೇ ಇತ್ತು. 1944ರ ಸೇಲಂ ಸಮ್ಮೇಳನದಲ್ಲಿ ಪೆರಿಯಾರರು ಅದನ್ನು ದ್ರಾವಿಡರ್ ಕಳಗವಾಗಿ ಮಾರ್ಪಡಿಸಿದರು, ಚುನಾವಣೆಯ ಸಹವಾಸವೇ ಬೇಡವೆಂದರು. 1949ರಲ್ಲಿ ಎಪ್ಪತ್ತರ ಪೆರಿಯಾರರು ತಮಗಿಂತ ಬಹಳ ಕಿರಿಯರಾದ ಮಣಿಯಮ್ಮೈಯವರನ್ನು ಮದುವೆಯಾದಾಗ, ಅದಾಗಲೇ ಭಿನ್ನಾಭಿಪ್ರಾಯ ಬೆಳೆಸಿಕೊಂಡಿದ್ದ ಅಣ್ಣಾದುರೈ ಮತ್ತು ಗೆಳೆಯರು ಹೊರನಡೆದರು. ಅದೇ ಸೆಪ್ಟೆಂಬರಿನಲ್ಲಿ ರಾಯಪುರದ ರಾಬಿನ್ಸನ್ ಪಾರ್ಕಿನಲ್ಲಿ, ಸುರಿಯುವ ಮಳೆಯಲ್ಲಿ, ದ್ರಾವಿಡ ಮುನ್ನೇತ್ರ ಕಳಗದ ಮೊದಲ ಸಭೆ ಸೇರಿತು. ಹೊಸ ಪಕ್ಷದಲ್ಲಿ ಅಧ್ಯಕ್ಷಸ್ಥಾನವನ್ನು ಖಾಲಿ ಬಿಟ್ಟರು. ಅದು ಪೆರಿಯಾರರದು, ಅಣ್ಣಾದುರೈ ಪ್ರಧಾನ ಕಾರ್ಯದರ್ಶಿ ಮಾತ್ರ. ಮಾತು ಬಿಟ್ಟ ಮೇಲೂ ಪಡಸಾಲೆಯಲ್ಲಿ ಅಪ್ಪನ ಕುರ್ಚಿಗೆ ಯಾರೂ ಕೂರದ ಮನೆಯಂತೆ.

ಮುಂದಿನ ಹದಿನೆಂಟು ವರ್ಷಗಳ ಕೆಲಸ ಭಾಷಣ, ಪತ್ರಿಕೆ, ನಾಟಕ, ಸಿನಿಮಾಗಳದು. ಇದನ್ನು ಬಲ್ಲವರು ಬಹಳ. ನಮಗೆ ಅದಕ್ಕಿಂತ ಮುಖ್ಯವಾಗಿ ಕಾಣುವುದು ಕರೆಯುವ ಕ್ರಮ. ಅಣ್ಣಾದುರೈ ಎಲ್ಲರಿಗೂ 'ಅಣ್ಣ'. ತಮ್ಮ ವಾರಪತ್ರಿಕೆಯಲ್ಲಿ ಅವರು ಕಾರ್ಯಕರ್ತರಿಗೆ ಬರೆದ ಕಾಗದಗಳು 'ತಂಬಿ' ಎಂದು ಆರಂಭವಾಗುತ್ತಿದ್ದವು. ಕರುಣಾನಿಧಿಯವರು ದಶಕಗಟ್ಟಲೆ 'ಉಡನ್‌ಪಿರಪ್ಪೇ', ಒಡಹುಟ್ಟಿದವನೇ, ಎಂದು ಬರೆದರು. ಎಂಜಿಆರ್ ರಕ್ತದ ರಕ್ತವಾದ ಒಡಹುಟ್ಟಿದವರೆಂದರು. ಜಯಲಲಿತಾ 'ಅಮ್ಮ' ಆದರು. ಕನ್ನಡಿಗರಾದ ನಮಗೆ ಈ ಪದಗಳಿಗೆ ಅನುವಾದ ಬೇಕಿಲ್ಲವಾದ್ದರಿಂದ ಅವುಗಳ ಭಾರವೂ ಬೇಗ ತಿಳಿಯುತ್ತದೆ. ಟೀ ಅಂಗಡಿಯಲ್ಲಿ, ಕ್ಷೌರದಂಗಡಿಯಲ್ಲಿ, ಬೀದಿಯ ಓದುಮನೆಯಲ್ಲಿ ಅಕ್ಷರ ಬಲ್ಲ ಒಬ್ಬನು ಆ ಕಾಗದವನ್ನು ಗಟ್ಟಿಯಾಗಿ ಓದುತ್ತಿದ್ದ. ಸುತ್ತ ಕೂತ ಮಿಲ್ ಕಾರ್ಮಿಕರು, ರಿಕ್ಷಾ ಎಳೆಯುವವರು ತಮ್ಮಂದಿರಾಗುತ್ತಿದ್ದರು. ಅವರನ್ನು ಅದಕ್ಕೆ ಮುಂಚೆ ಯಾವ ದೊಡ್ಡವರೂ ತಮ್ಮ ಎಂದು ಕರೆದಿರಲಿಲ್ಲ. 1959ರಲ್ಲಿ ಮದರಾಸು ಕಾರ್ಪೊರೇಷನ್ ಡಿಎಂಕೆಯ ಕೈಗೆ ಬಂದದ್ದು, 1967ರಲ್ಲಿ ಕಾಮರಾಜರು ತಮ್ಮ ವಿರುದುನಗರದಲ್ಲಿಯೇ ಒಬ್ಬ ವಿದ್ಯಾರ್ಥಿ ನಾಯಕನ ಎದುರು ಸೋತದ್ದು ಈ ತಮ್ಮಂದಿರ ಬಲದಿಂದ.

ಮನೆಯೊಡತಿ ಕಾಂಗ್ರೆಸ್ ಮನೆಯ ಮಗಳು. ತವರಿನ ಗೋಡೆಯ ಮೇಲೆ ಕಾಮರಾಜರ ಪಟವಿತ್ತಂತೆ. ಬಿನ್ನಿ ಮಿಲ್ಲಿನಲ್ಲಿ ದುಡಿಯುತ್ತಿದ್ದವರನ್ನು 1968ರಲ್ಲಿ ಮದುವೆಯಾದರು. ಅದಕ್ಕೆ ಹಿಂದಿನ ವರ್ಷವಷ್ಟೇ ಅಣ್ಣಾದುರೈ ಸರ್ಕಾರ ಹಿಂದೂ ವಿವಾಹ ಕಾಯ್ದೆಗೆ ತಿದ್ದುಪಡಿ ತಂದು, ಪುರೋಹಿತರಿಲ್ಲದ ಸ್ವಾಭಿಮಾನ ವಿವಾಹಕ್ಕೆ ಕಾನೂನಿನ ಮಾನ್ಯತೆ ಕೊಟ್ಟಿತ್ತು. ಮಂತ್ರವಿಲ್ಲ, ಅಗ್ನಿಯಿಲ್ಲ, ಪಕ್ಷದ ಭಾಷಣಕಾರರೊಬ್ಬರು ಮುಂದೆ ನಿಂತು ಒಂದು ಗಂಟೆ ಮಾತಾಡಿದರು, ಹಾರ ಬದಲಾಯಿತು, ಮದುವೆಯಾಯಿತು. ಆ ಫೋಟೊ ಇಂದಿಗೂ ಅವರ ಪಡಸಾಲೆಯಲ್ಲಿದೆ. ವಧೂವರರ ನಡುವೆ ಮೈಕ್ ನಿಂತಿದೆ. 'ಗಂಡನ ಮನೆಯ ದೇವರು ನಮಗೆ ಬರಲಿಲ್ಲ, ಇವರಿಗೆ ದೇವರೇ ಇರಲಿಲ್ಲವಲ್ಲ. ಕಟ್ಚಿ ಬಂತು' ಎಂದು ನಗುತ್ತಾರೆ. ಇಂಥ ಮದುವೆಯಾದವರಿಗೆ ಪಕ್ಷ ಬಿಡುವುದೆಂದರೆ ಏನೆಂದು ಊಹಿಸಬೇಕು. ಪುರೋಹಿತನನ್ನು ಬದಲಿಸಬಹುದು, ಮದುವೆಯನ್ನೇ ಮಾಡಿಸಿದ ಮನೆತನವನ್ನು ಬದಲಿಸುವುದು ಹೇಗೆ?

ಆದರೆ ಮನೆಗಳು ಒಡೆಯುತ್ತವೆ. ಒಡೆದಾಗಲೇ ನಂಟು ಯಾವುದಕ್ಕೆ ಅಂಟಿತ್ತೆಂಬುದು ತಿಳಿಯುವುದು. ಪಕ್ಷದ ಲೆಕ್ಕಪತ್ರ ಕೇಳಿದ ಎಂಜಿಆರ್ 1972ರ ಅಕ್ಟೋಬರಿನಲ್ಲಿ ಉಚ್ಚಾಟಿತರಾಗಿ, ಅದೇ ತಿಂಗಳ 17ರಂದು ಬೇರೆ ಪಕ್ಷ ಕಟ್ಟಿದರು. ಹೆಸರಿನಲ್ಲಿಯೂ ಬಾವುಟದಲ್ಲಿಯೂ ಅಣ್ಣನನ್ನೇ ಇಟ್ಟರು; ಮನೆ ಬಿಟ್ಟು ಹೋಗುವ ಮಗ ಅಜ್ಜನ ಪಟವನ್ನು ಬಗಲಲ್ಲಿಟ್ಟುಕೊಂಡು ಹೋದಂತೆ. ಮರುವರ್ಷ ದಿಂಡಿಗಲ್ ಲೋಕಸಭಾ ಉಪಚುನಾವಣೆಯಲ್ಲಿ ಅವರ ಅಭ್ಯರ್ಥಿ ಮಾಯತ್ತೇವರ್, ಆಯೋಗದ ಮುಕ್ತ ಚಿಹ್ನೆಗಳ ಪಟ್ಟಿಯಿಂದ ಎರಡೆಲೆಯನ್ನು ಆರಿಸಿಕೊಂಡು ಗೆದ್ದರು. ಆಳುವ ಡಿಎಂಕೆ ಮೂರನೆಯ ಸ್ಥಾನಕ್ಕೆ ಇಳಿಯಿತು. ಆಕಸ್ಮಿಕವಾಗಿ ಕೈಗೆ ಸಿಕ್ಕಿದ ಎಲೆ ಕುಲಚಿಹ್ನೆಯಾಯಿತು. ಎಲೆಯನ್ನು ಮೊದಲು ಹಿಡಿದ ಮಾಯತ್ತೇವರ್ 1980ರಲ್ಲಿ ಅದೇ ದಿಂಡಿಗಲ್ಲಿನಿಂದ ಸೂರ್ಯನ ಕಡೆಯಿಂದ ಗೆದ್ದರೆಂಬುದನ್ನು ಇಂದು ನೆನೆಯುವವರು ಕಡಮೆ. ಮನುಷ್ಯ ಹೋದ, ಎಲೆ ಉಳಿಯಿತು.

1989ರ ಜನವರಿಯ ಚುನಾವಣೆ ಇನ್ನೂ ಕಠಿಣವಾದ ಪರೀಕ್ಷೆ. ಎಂಜಿಆರ್ 1987ರ ಡಿಸೆಂಬರಿನಲ್ಲಿ ತೀರಿಕೊಂಡಿದ್ದರು. ಪತ್ನಿ ಜಾನಕಿ ಇಪ್ಪತ್ತನಾಲ್ಕು ದಿನ ಮುಖ್ಯಮಂತ್ರಿಯಾಗಿದ್ದರು. ಗಂಡನ ಶವವಿದ್ದ ಗಾಡಿಯಿಂದ ತಳ್ಳಿಸಿಕೊಂಡ ಜಯಲಲಿತಾ ಇನ್ನೊಂದು ಬಣ ಕಟ್ಟಿದ್ದರು. ಆಯೋಗ ಎರಡೆಲೆಯನ್ನು ತಡೆಹಿಡಿದು, ಜಾನಕಿ ಬಣಕ್ಕೆ ಜೋಡಿ ಪಾರಿವಾಳವನ್ನೂ ಜಯಲಲಿತಾ ಬಣಕ್ಕೆ ಹುಂಜವನ್ನೂ ಕೊಟ್ಟಿತು. ಎಲೆಯಿಲ್ಲ, ಎಂಜಿಆರ್ ಇಲ್ಲ. ಕಾನೂನಿನ ಹೆಂಡತಿಯೂ ವಿಧವೆಯೂ ಆದ ಜಾನಕಿಯವರ ಕಡೆಗೆ ಜನ ಹೋಗಬೇಕಿತ್ತು. ಅವರ ಬಣಕ್ಕೆ ಬಂದದ್ದು ಎರಡು ಸ್ಥಾನ. ಅವರೇ ಎಂಜಿಆರ್ ಗೆದ್ದಿದ್ದ ಆಂಡಿಪಟ್ಟಿಯಲ್ಲಿ ಸೋತರು. ಹುಂಜಕ್ಕೆ 27 ಸ್ಥಾನ, ನೂರಕ್ಕೆ 21ರಷ್ಟು ಮತ. ಕುಟುಂಬವೆಂದೆವಲ್ಲ, ಈ ಕುಟುಂಬದಲ್ಲಿ ರಕ್ತಸಂಬಂಧಕ್ಕೂ ತಾಳಿಗೂ ಬೆಲೆ ಕಡಮೆ. ವೇದಿಕೆಯ ಮೇಲೆ ಪಕ್ಕದಲ್ಲಿ ನಿಂತು, ಎದುರಾಳಿಯನ್ನು ಬೈದು, ಏಟು ತಿಂದವರಿಗೆ ಬೆಲೆ. ಜಾನಕಿ ರಾಜಕೀಯ ಬಿಟ್ಟರು, ಬಣಗಳು ಕೂಡಿದವು, ಎಲೆ ಮರಳಿತು.

ಮನೆಮಾತಿಗೂ ಬೆಲೆಯಿಲ್ಲ ಎಂಬುದನ್ನು ಇಲ್ಲಿ ಸೇರಿಸಬೇಕು. ಪೆರಿಯಾರರ ಮನೆಮಾತು ಕನ್ನಡ. ಎಂಜಿಆರ್ ಸಿಂಹಳದ ಕ್ಯಾಂಡಿಯಲ್ಲಿ ಹುಟ್ಟಿದ ಮಲಯಾಳಿ. ಜಯಲಲಿತಾ 1948ರಲ್ಲಿ ಹುಟ್ಟಿದ್ದು ನಮ್ಮ ತಾಲೂಕಿನ ಮೇಲುಕೋಟೆಯಲ್ಲಿ. ಮನೆಯೊಡತಿಗೆ ಸಿಟ್ಟು ಬಂದ ದಿನ 'ನಿಮ್ಮೂರ ಅಮ್ಮ' ಎಂದು ನಮ್ಮ ಮೇಲೆ ಹಾಕುತ್ತಿದ್ದರು. ಆ ಮೇಲುಕೋಟೆಯವರೇ 1993ರಲ್ಲಿ ಕಾವೇರಿ ನೀರಿಗಾಗಿ ಮರೀನಾದ ಎಂಜಿಆರ್ ಸಮಾಧಿಯ ಬಳಿ ಉಪವಾಸ ಕುಳಿತದ್ದು. ಊರಿನಲ್ಲಿ ನಮ್ಮ ತಂದೆಯವರು ಆ ಸುದ್ದಿಯನ್ನು ಯಾವ ಮುಖದಿಂದ ಓದಿದರೆಂಬುದು ನೆನಪಿದೆ. ಕಟ್ಚಿಯ ಮಗಳಾದವಳು ತವರೂರಿಗೆ ಸೇರಿದವಳಲ್ಲ ಎಂಬುದನ್ನು ಅವರು ಒಪ್ಪಲೇ ಇಲ್ಲ.

ಈಗ ಅಂಕಿಗಳ ಮಾತು. 1991ರಲ್ಲಿ, ರಾಜೀವ್ ಗಾಂಧಿಯವರ ಹತ್ಯೆಯ ಬೆನ್ನಿಗೆ ನಡೆದ ಚುನಾವಣೆಯಲ್ಲಿ ಡಿಎಂಕೆ ನೆಲಕಚ್ಚಿತು. ಸ್ಥಾನ ಎರಡೇ. ಆದರೆ ಮತ ನೂರಕ್ಕೆ 22ರಷ್ಟು. 1996ರಲ್ಲಿ ಸರದಿ ಅಣ್ಣಾ ಡಿಎಂಕೆಯದು. ಜಯಲಲಿತಾ ಬರ್ಗೂರಿನಲ್ಲಿ ಸೋತರು, ಪಕ್ಷಕ್ಕೆ ನಾಲ್ಕೇ ಸ್ಥಾನ. ಆದರೆ ಮತ ನೂರಕ್ಕೆ 21ರಷ್ಟು. ಹುಂಜದ ವರ್ಷವೂ ಅದೇ 21 ಎಂಬುದನ್ನು ಓದುಗರು ಗಮನಿಸಿರಬಹುದು. ಸ್ಥಾನಗಳ ಪಟ್ಟಿ ನೋಡುವವರಿಗೆ ಸರ್ವನಾಶವೆಂದು ಕಾಣುವ ವರ್ಷಗಳಲ್ಲಿ ಕೂಡ ಐದರಲ್ಲೊಬ್ಬ ಮತದಾರ ಅಲುಗಲಿಲ್ಲ. ಆ ಒಬ್ಬನೇ ಕಟ್ಚಿ, ಉಳಿದವರು ಓಟು. ಟಿವಿ, ಮಿಕ್ಸಿ, ಗ್ರೈಂಡರುಗಳ ಕೊಡುಗೆಯೂ ರಾತ್ರಿ ಬಾಗಿಲಿಗೆ ಬರುವ ನೋಟಿನ ಲಕೋಟೆಯೂ ಅಲುಗಾಡಿಸುವುದು ಉಳಿದವರನ್ನು ಎಂಬುದು ನಮ್ಮ ತಿಳಿವಳಿಕೆ. ಲಕೋಟೆಯೇ ಎಲ್ಲವೂ ಎಂದು ಹೇಳುವ ಸಹೋದ್ಯೋಗಿಗಳು ನಮಗಿದ್ದಾರೆ. 1991ರ ಸೋಲನ್ನು ಎದುರಿಗೆ ಕಂಡೂ ಸೂರ್ಯನನ್ನು ಹುಡುಕಿ ಮುದ್ರೆಯೊತ್ತಿದವರಿಗೆ ಯಾರು ಏನು ಕೊಟ್ಟಿದ್ದರು?

ವಿರೋಧದ ಉದಾಹರಣೆಯೂ ಇಲ್ಲದಿಲ್ಲ. 2017ರ ಡಿಸೆಂಬರಿನಲ್ಲಿ, ಜಯಲಲಿತಾ ಪ್ರತಿನಿಧಿಸುತ್ತಿದ್ದ ನಮ್ಮ ಉತ್ತರ ಚೆನ್ನೈನ ಆರ್.ಕೆ. ನಗರದಲ್ಲಿ, ತಡೆಹಿಡಿದಿದ್ದ ಎರಡೆಲೆ ಮರಳಿ ಒಂದು ತಿಂಗಳಷ್ಟೇ ಆಗಿತ್ತು. ಆ ಎಲೆಯನ್ನೇ ಹಿಡಿದ ಅಧಿಕೃತ ಅಭ್ಯರ್ಥಿಯನ್ನು ಪ್ರೆಶರ್ ಕುಕ್ಕರ್ ಚಿಹ್ನೆಯ ದಿನಕರನ್ ನಲವತ್ತು ಸಾವಿರಕ್ಕೂ ಮೀರಿದ ಅಂತರದಿಂದ ಸೋಲಿಸಿದರು. ಎಲೆಯ ಮಹಿಮೆ ಮುಗಿಯಿತೆಂದು ಪತ್ರಿಕೆಗಳು ಬರೆದವು. 2021ರಲ್ಲಿ ಎಲೆಗೆ 66 ಸ್ಥಾನ ಬಂತು, ದಿನಕರನ್ ಪಕ್ಷಕ್ಕೆ ಒಂದೂ ಬರಲಿಲ್ಲ. ಒಂದು ದಿನದ ಸಿಟ್ಟನ್ನು ಮನೆ ಬಿಟ್ಟದ್ದೆಂದು ಎಣಿಸಬಾರದಿತ್ತು.

ಓಟಿಗೂ ಕಟ್ಚಿಗೂ ನಡುವಿನ ಈ ಬಿರುಕನ್ನು ನಮಗೆ ಸರಿಯಾಗಿ ತೋರಿಸಿದ್ದು ಮನೆಯೊಡತಿಯೇ. 1984ರ ಡಿಸೆಂಬರಿನಲ್ಲಿ ಎಂಜಿಆರ್ ನ್ಯೂಯಾರ್ಕಿನ ಬ್ರೂಕ್ಲಿನ್ ಆಸ್ಪತ್ರೆಯಲ್ಲಿದ್ದರು. ಒಂದು ದಿನವೂ ಪ್ರಚಾರಕ್ಕೆ ಬಾರದೆ ಆಂಡಿಪಟ್ಟಿಯಲ್ಲಿ ಗೆದ್ದರು. ಆಸ್ಪತ್ರೆಯ ಹಾಸಿಗೆಯ ಮೇಲಿನ ಅವರ ಚಲನಚಿತ್ರವನ್ನು ಊರೂರಲ್ಲಿ ತೋರಿಸಿದ್ದರು. ಅದನ್ನು ಕಂಡು ಬಂದ ನಮ್ಮ ಮನೆಯೊಡತಿ ಆ ಸಲ ಎಲೆಗೆ ಓಟು ಹಾಕಿದರು. ಗಂಡನಿಗೆ ಹೇಳಲಿಲ್ಲ. ಅವರು ತೀರಿಕೊಳ್ಳುವವರೆಗೂ ಹೇಳಲಿಲ್ಲ. ನಮಗೆ ಹೇಳುವಾಗಲೂ ಒಳಗೆ ಮಗನಿದ್ದಾನೆಯೇ ಎಂದು ನೋಡಿ ದನಿ ತಗ್ಗಿಸಿದರು. ಎಂಜಿಆರ್ 1982ರಲ್ಲಿ ವಿಸ್ತರಿಸಿದ ಮಧ್ಯಾಹ್ನದೂಟವನ್ನು ಅವರ ಮಕ್ಕಳಿಬ್ಬರೂ ಶಾಲೆಯಲ್ಲಿ ಉಂಡಿದ್ದರು. ಮಿಲ್ಲಿನಲ್ಲಿ ಸಂಬಳ ನಿಂತ ತಿಂಗಳುಗಳವು. 'ಉಂಡದ್ದು ನೆನೆಯಬೇಕಲ್ಲ' ಎಂದರು. ಆಗ ನಾವು ಫಿಯೊರಿನಾರ ಖಾತೆಪುಸ್ತಕವನ್ನು ನೆನೆದೆವು. ಹಾಗಾದರೆ ಆ ವರ್ಷ ನೀವು ಎಂಜಿಆರ್ ಕಟ್ಚಿ ಆಗಿದ್ದಿರಲ್ಲವೇ ಎಂದು ಕೇಳಿದೆವು. ಅವರಿಗೆ ನಿಜವಾಗಿಯೂ ಸಿಟ್ಟು ಬಂತು. 'ಓಟು ಹಾಕಿದೆ. ಕಟ್ಚಿ ಬಿಡಲಿಲ್ಲ' ಎಂದರು. ಅಷ್ಟು ವರ್ಷದ ಮೇಲೂ ಅದನ್ನು ಬಚ್ಚಿಟ್ಟಿದ್ದಾರೆಂದರೆ ಆ ಒಂದು ಓಟು ಅವರಿಗೆ ಹಗುರವಾದದ್ದಾಗಿರಲಿಲ್ಲ.

ಅವರ ಸೊಸೆ ತೇನಿಯ ಕಡೆಯ ಹುಡುಗಿ, ಎಲೆಯ ಮನೆಯಿಂದ ಬಂದವಳು. ಅತ್ತೆಯಂತೆ ಮದುವೆಯ ದಿನ ಕಟ್ಚಿ ಬದಲಿಸಲಿಲ್ಲ; ಬದಲಿಸು ಎಂದು ಯಾರೂ ಕೇಳಲೂ ಇಲ್ಲವಂತೆ. ಟಿವಿಯ ಮುಂದೆ ಇಬ್ಬರಿಗೂ ವಾಗ್ವಾದವಾಗುವುದು ಮಹಡಿಯ ಮೇಲಿನ ನಮಗೆ ಕೇಳಿಸುತ್ತಿತ್ತು. 2016ರ ಡಿಸೆಂಬರ್ 5ರ ನಡುರಾತ್ರಿಯ ಹೊತ್ತಿಗೆ ಜಯಲಲಿತಾ ತೀರಿಕೊಂಡ ಸುದ್ದಿ ಬಂತು. ಮರುದಿನ ಅಂಗಡಿ, ಕಚೇರಿ, ಬಸ್ಸು ಏನೂ ಇಲ್ಲ. ಸೊಸೆ ಅಡುಗೆಮನೆಗೆ ಹೋಗಲಿಲ್ಲ. ಸಾವಿನ ಮನೆಯಲ್ಲಿ ಒಲೆ ಹಚ್ಚುವುದಿಲ್ಲ, ನೆಂಟರು ಅಡುಗೆ ಮಾಡಿ ತಂದು ಬಡಿಸಬೇಕು. ಈ ಪದ್ಧತಿ ಅಲ್ಲಿಯೂ ಇದೆ, ನಮ್ಮಲ್ಲಿಯೂ ಇದೆ. ಅತ್ತೆ ಅನ್ನ, ರಸ ಮಾಡಿ ತಂದು ಸೊಸೆಯ ಮುಂದಿಟ್ಟರು. ನಿಮ್ಮೂರ ಅಮ್ಮ ಎಂದು ನಮಗೂ ಒಂದು ಪಾತ್ರೆಯಲ್ಲಿ ಕಳಿಸಿದರು. ಈ ಸಲ ಆ ಮಾತಿನಲ್ಲಿ ಹಾಸ್ಯವಿರಲಿಲ್ಲ.

2018ರ ಆಗಸ್ಟ್ 7ರ ಸಂಜೆ ಕರುಣಾನಿಧಿಯವರು ತೀರಿಕೊಂಡಾಗ ಮನೆಯೊಡತಿ ಪಡಸಾಲೆಯಲ್ಲಿ ಮದುವೆಯ ಫೋಟೊದ ಕೆಳಗೆ ಕುಳಿತವರು ಏಳಲಿಲ್ಲ. ನಾವು ಕೆಳಗಿಳಿದು ಹೋಗಿ ಬಾಗಿಲ ಬಳಿ ನಿಂತೆವು. ಅಡುಗೆಮನೆಯಲ್ಲಿ ಕುಕ್ಕರ್ ಕೂಗುವುದು ಕೇಳಿಸುತ್ತಿತ್ತು. ಸ್ವಲ್ಪ ಹೊತ್ತಿಗೆ ಸೊಸೆ ತಟ್ಟೆ ಹಿಡಿದು ಬಂದು, ಅತ್ತೆಯ ಪಕ್ಕದಲ್ಲಿ ಕುಳಿತು, ಅನ್ನ ಕಲಸತೊಡಗಿದಳು.